ಜಾತ್ರೆಯ ಪರದೆಗೆ ಮೂಕಚಿತ್ರಗಳು ಬರಲಿ

1896ರ ಜುಲೈ 7ರಂದು ಮುಂಬಯಿಯ ವಾಟ್ಸನ್ ಹೋಟೆಲಿನಲ್ಲಿ, ತಲೆಗೊಂದು ರೂಪಾಯಿಯ ಪ್ರವೇಶಧನಕ್ಕೆ, ಫ್ರಾನ್ಸಿನ ಲ್ಯೂಮಿಯೇರ್ ಸೋದರರ ಪ್ರತಿನಿಧಿಯು ನಿಲ್ದಾಣಕ್ಕೆ ಬರುವ ರೈಲು, ಕಾರ್ಖಾನೆಯಿಂದ ಹೊರಬೀಳುವ ಕೆಲಸಗಾರರು, ಉರುಳುವ ಗೋಡೆ, ಸಮುದ್ರಸ್ನಾನ ಇವೇ ಮೊದಲಾದ ಆರು ಕಿರುಚಿತ್ರಗಳನ್ನು ತೋರಿಸಿದನು. ಅವುಗಳಲ್ಲಿ ಒಂದೊಂದರ ಆಯುಷ್ಯವೂ ಒಂದು ನಿಮಿಷದಷ್ಟು ಮಾತ್ರ. 1913ರಲ್ಲಿ ದಾದಾಸಾಹೇಬ ಫಾಲ್ಕೆಯವರ 'ರಾಜಾ ಹರಿಶ್ಚಂದ್ರ'ವು ಕಾರೋನೇಷನ್ ಚಿತ್ರಮಂದಿರದಲ್ಲಿ ತೆರೆಕಂಡಾಗಲೂ ಅದರ ಜೊತೆಗೆ ನೃತ್ಯ, ಹಾಸ್ಯ, ಕಾಲ್ಚಳಕಗಳ ಪ್ರದರ್ಶನಗಳಿದ್ದವು.

ಇಂತಹ ಮಿಶ್ರಪ್ರದರ್ಶನವನ್ನು ಚಲನಚಿತ್ರದ ಬಾಲ್ಯಾವಸ್ಥೆಯೆಂದು ಹೇಳಿ ಮುಂದೆ ಸಾಗುವುದು ರೂಢಿ. ನಾನು ಅದನ್ನು ಒಪ್ಪಲಾರೆ. ಆ ಕಾಲದಲ್ಲಿ ಸುರುಳಿಗಳನ್ನು ಕೊಂಡು ಊರೂರಿಗೆ ಒಯ್ಯುತ್ತಿದ್ದ ಪ್ರದರ್ಶಕನೇ, ಯಾವ ಚಿತ್ರದ ಬೆನ್ನಿಗೆ ಯಾವುದು ಬರಬೇಕು, ಬೆರಗಿನ ನಂತರ ನಗೆಯೋ, ನಗೆಯ ನಂತರ ಭಕ್ತಿಯೋ ಎಂಬುದನ್ನು ಸಭೆಯ ಮುಖವನ್ನು ನೋಡಿ ನಿಶ್ಚಯಿಸುತ್ತಿದ್ದನು. ಆ ಜೋಡಣೆಯೇ ಅವನ ಕಲೆ.

ಈ ಕಲೆಯು ನಮ್ಮ ಸೀಮೆಗೆ ಅಪರಿಚಿತವಾದುದೇನೂ ಅಲ್ಲ. ಕೊಪ್ಪಳ ತಾಲ್ಲೂಕಿನ ಮೋರನಾಳದ ಭೀಮವ್ವ ದೊಡ್ಡಬಾಳಪ್ಪ ಶಿಳ್ಳೇಕ್ಯಾತರ ಅವರಿಗೆ 2025ರಲ್ಲಿ ಪದ್ಮಶ್ರೀ ಸಂದಿತಷ್ಟೆ; ಅವರು ಬಾಳೆಲ್ಲ ಸಾಕಿಕೊಂಡು ಬಂದ ತೊಗಲುಗೊಂಬೆಯಾಟದಲ್ಲಿ ದೀಪ, ಪರದೆ, ನೆರಳು, ಅವುಗಳಿಗೆ ಪ್ರಾಣವೂಡುವ ಕಂಠ ಇವೆಲ್ಲವೂ ಇವೆ; ರಾಮಾಯಣದ ಗಂಭೀರ ಪ್ರಸಂಗಗಳ ನಡುವೆ ಹಾಸ್ಯದ ಗೊಂಬೆಗಳಾದ ಕಿಳ್ಳೇಕ್ಯಾತನೂ ಬಂಗಾರಕ್ಕನೂ ನುಗ್ಗಿಬಂದು ಸಭೆಯನ್ನು ನಗಿಸುತ್ತಾರೆ. ಮೂಕಚಿತ್ರಗಳ ಕಾಲದಲ್ಲಿಯೂ ಪರದೆಯ ಪಕ್ಕದಲ್ಲಿ ನಿಂತು, ಓದುಬಾರದವರಿಗಾಗಿ ಅಕ್ಷರಫಲಕಗಳನ್ನು ಓದಿ ಕಥೆಯನ್ನು ಬಿಡಿಸಿ ಹೇಳುವವನೊಬ್ಬನಿರುತ್ತಿದ್ದನು.

ಅಂಗೈಯಗಲದ ಮೊಬೈಲಿನಲ್ಲಿ ತುಣುಕುಚಿತ್ರಗಳು ಹಗಲಿರುಳೂ ಹರಿಯುತ್ತಿರುವಾಗ ಮೂಕಚಿತ್ರಗಳನ್ನು ಜಾತ್ರೆಯ ಪರದೆಗೆ ತರುವುದೇತಕ್ಕೆಂದು ಕೇಳುವವರುಂಟು. ಅಲ್ಲಿ ಒಬ್ಬೊಬ್ಬರೂ ಒಂಟಿಯಾಗಿ ನೋಡುತ್ತಾರೆ, ಮುಂದಿನದನ್ನು ಯಂತ್ರವು ಆರಿಸುತ್ತದೆ. ನೆರೆದ ಮಂದಿಯ ಉಸಿರನ್ನು ಬಲ್ಲ ಮನುಷ್ಯನೊಬ್ಬನು ಆರಿಸುವುದು ಬೇರೆಯೇ ಬಗೆಯದು.

ನಮ್ಮ ದೇಶದ ಮೂಕಚಿತ್ರಗಳಲ್ಲಿ ಬಹುಪಾಲು ನಾಶವಾಗಿವೆ. ಅಳಿದುಳಿದವುಗಳಲ್ಲಿ ಕೆಲವನ್ನು ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯವು ಕಾಪಾಡಿಕೊಂಡು ಬಂದಿದೆ. ಲಕ್ಷಾಂತರ ಜನ ಸೇರುವ ಕೊಪ್ಪಳದ ಗವಿಸಿದ್ಧೇಶ್ವರ ಜಾತ್ರೆಯಲ್ಲಿ ಒಂದು ಸಂಜೆಯನ್ನು ಇವುಗಳಿಗೆ ಮೀಸಲಿಡಬೇಕು. ಪರದೆಯ ಬಳಿ ನಿಂತು ಕಥೆ ಹೇಳುವ ಕೆಲಸವನ್ನು ತೊಗಲುಗೊಂಬೆಯ ಕಲಾವಿದರಿಗೆ ಗೌರವಧನದೊಡನೆ ಒಪ್ಪಿಸಬೇಕು. ಬಳಿಕ ಅದೇ ಪ್ರದರ್ಶನವು ಗಂಗಾವತಿ, ಕುಷ್ಟಗಿ, ಯಲಬುರ್ಗಾಗಳಿಗೂ ಹೋಗಬೇಕು. ಇದಕ್ಕೆ ಬೇಕಾದ ಪತ್ರವನ್ನು ಜಿಲ್ಲಾಡಳಿತವು ಮುಂದಿನ ಜಾತ್ರೆಯ ಸಿದ್ಧತೆ ತೊಡಗುವ ಮೊದಲೇ ಪುಣೆಗೆ ಬರೆಯಲಿ.