ಜೂನ್ ಒಂದರಂದು ಹುಟ್ಟಿದವರು

ನಮ್ಮ ಹಳ್ಳಿಗಳಲ್ಲಿ ನಡುವಯಸ್ಸು ದಾಟಿದ ಹತ್ತು ಜನರನ್ನು ಹುಟ್ಟಿದ ತಾರೀಖು ಕೇಳಿ ನೋಡಿ. ಒಬ್ಬಿಬ್ಬರಾದರೂ ‘ಜೂನ್ 1’ ಎನ್ನುತ್ತಾರೆ. ಮಗುವಿನ ಕೈಹಿಡಿದು ಶಾಲೆಗೆ ಬಂದ ಅಪ್ಪನಿಗೆ ತಾರೀಖು ಗೊತ್ತಿರಲಿಲ್ಲ, ‘ಕೆರೆ ಕೋಡಿ ಬಿದ್ದ ವರ್ಷ’ ಎಂದ. ಮೇಷ್ಟರು ಒಂದನೇ ತರಗತಿಗೆ ವಯಸ್ಸು ಹೊಂದುವಂತೆ ಬರೆದುಕೊಂಡರು. ಆ ಬರಹವೇ ಎಸ್ಸೆಸ್ಸೆಲ್ಸಿ ಅಂಕಪಟ್ಟಿಗೆ ಹೋಯಿತು, ಅಲ್ಲಿಂದ ನೌಕರಿಗೂ ನಿವೃತ್ತಿಗೂ ಹೋಯಿತು.

ಇದು ಹಳೆಯ ಕಾಲದ ಮಾತಷ್ಟೇ ಅಲ್ಲ. ಇತ್ತೀಚೆಗೆ ನನ್ನಲ್ಲಿಗೆ ಬಂದ ತಾಯಿಯೊಬ್ಬರ ಕೈಯಲ್ಲಿ ಎರಡು ಕಾಗದಗಳಿದ್ದವು. ಜನನ ಪತ್ರದ ಪ್ರಕಾರ ಮಗಳಿಗೆ 19, ಅಂಕಪಟ್ಟಿಯ ಪ್ರಕಾರ 20. ಬೇಗ ಶಾಲೆಗೆ ಸೇರಲಿ ಎಂದು ತಾತ ಒಂದು ವರ್ಷ ಕೂಡಿಸಿ ಹೇಳಿದ್ದರಂತೆ. ‘ಅಫಿಡವಿಟ್ ಮಾಡಿಸಿ ಪೇಪರಿನಲ್ಲಿ ಹಾಕಿಸಿದರೆ ಸಾಲದೇ?’ ಎಂದು ಕೇಳಿದರು.

ಸಾಲದು. ಅಫಿಡವಿಟ್ ಎಂಬುದು ನಿಮ್ಮದೇ ಹೇಳಿಕೆ. ಹುಟ್ಟಿದ ದಿನ ತಿದ್ದುವಂತೆ ಪರೀಕ್ಷಾ ಮಂಡಲಿಯನ್ನು ಕಟ್ಟಿಹಾಕುವ ಶಕ್ತಿ ಅದಕ್ಕಿಲ್ಲ.

ಎಲ್ಲ ತಪ್ಪಿಗೂ ಕೋರ್ಟು ಬೇಕು ಎಂದೂ ತಿಳಿಯಬೇಡಿ. ಶಾಲೆಯ ದಾಖಲಾತಿ ರಿಜಿಸ್ಟರಿನಲ್ಲಿ ಸರಿಯಾಗಿದ್ದು ಅಂಕಪಟ್ಟಿಯಲ್ಲಿ ಮಾತ್ರ ಹೆಸರೋ ಇನಿಷಿಯಲ್ಲೋ ತಪ್ಪಿದ್ದರೆ, ರಿಜಿಸ್ಟರಿನ ನಕಲು ಸಮೇತ ಮುಖ್ಯೋಪಾಧ್ಯಾಯರ ಮೂಲಕ ಮಂಡಲಿಗೆ ಅರ್ಜಿ ಹಾಕಿ. ತಪ್ಪು ರಿಜಿಸ್ಟರಿನಲ್ಲೇ ಇದ್ದಾಗ, ಅದರಲ್ಲೂ ಹುಟ್ಟಿದ ದಿನದ್ದಾಗಿದ್ದಾಗ, ಸಿವಿಲ್ ನ್ಯಾಯಾಲಯದ ಬಾಗಿಲು ತಟ್ಟಬೇಕಾಗುತ್ತದೆ. 1963ರ ನಿರ್ದಿಷ್ಟ ಪರಿಹಾರ ಕಾಯ್ದೆಯ 34ನೇ ಕಲಮಿನಡಿ ‘ಇದೇ ನನ್ನ ಜನ್ಮದಿನ’ ಎಂದು ಘೋಷಿಸಲು ಕೋರುವ ದಾವೆ ಅದು. ದಾಖಲೆ ತಿದ್ದಬೇಕೆಂಬ ಆದೇಶವನ್ನೂ ಅದರಲ್ಲೇ ಕೇಳಬೇಕು. ಸರ್ಕಾರ ಪ್ರತಿವಾದಿಯಾಗುವುದರಿಂದ ಸಾಮಾನ್ಯವಾಗಿ ಎರಡು ತಿಂಗಳು ಮೊದಲೇ ನೋಟಿಸು ಕೊಟ್ಟಿರಬೇಕು.

ಬಹಳ ಮಂದಿ ಎಡವುವುದು ಕಾಲಮಿತಿಯಲ್ಲಿ. ಘೋಷಣೆಯ ದಾವೆಗೆ ಮೂರು ವರ್ಷದ ಗಡುವು. ಅಪ್ರಾಪ್ತ ವಯಸ್ಕರ ಪರವಾಗಿ ತಂದೆ ತಾಯಿ ಯಾವಾಗ ಬೇಕಾದರೂ ದಾವೆ ಹೂಡಬಹುದು. ಹೂಡದಿದ್ದರೆ ಮಗುವಿಗೆ 18 ತುಂಬಿದ ಮೇಲೆ ಮೂರು ವರ್ಷ ಸಿಗುತ್ತದೆ. ಅಂದರೆ 21 ತುಂಬುವುದರೊಳಗೆ. ಯಾವ ಕಾಗದದ 21 ಎಂಬ ಪ್ರಶ್ನೆ ಬಂದರೆ, ಮೊದಲು ಮುಗಿಯುವ ಲೆಕ್ಕವನ್ನೇ ಹಿಡಿಯುವುದು ಕ್ಷೇಮ.

‘ಕೆಲಸ ಸಿಕ್ಕಮೇಲೆ ನೋಡಿಕೊಂಡರಾಯಿತು’ ಎನ್ನುವವರಿಗೆ ಒಂದು ಉದಾಹರಣೆ. ಗ್ರಾಮೀಣ ಮೂಲಸೌಕರ್ಯಕ್ಕೆ ಸಂಬಂಧಿಸಿದ ಕರ್ನಾಟಕದ ಸರ್ಕಾರಿ ನಿಗಮವೊಂದರ ನೌಕರರು ಸೇವೆಗೆ ಸೇರಿ ಎರಡು ದಶಕ ಕಳೆದ ಮೇಲೆ ಜನ್ಮದಿನ ತಿದ್ದಲು ಕೇಳಿದರು. ಹೈಕೋರ್ಟಿನಲ್ಲಿ ಗೆದ್ದರು, ಆದರೆ 2021ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ಸೋತರು. ರಾಜ್ಯದ ನೌಕರರ ವಯಸ್ಸಿನ ಬಗೆಗೆ 1974ರ ಕಾಯ್ದೆಯೇ ಇದೆ. ಸೇವಾ ಪುಸ್ತಕದಲ್ಲಿ ವಯಸ್ಸು ದಾಖಲಾದ ಮೂರು ವರ್ಷದೊಳಗೆ ಅರ್ಜಿ ಹಾಕಿರಬೇಕು. ಸಾಕ್ಷ್ಯ ಎಷ್ಟೇ ಗಟ್ಟಿಯಿದ್ದರೂ ತಡವಾದರೆ ತಿದ್ದುಪಡಿ ಹಕ್ಕಲ್ಲ ಎಂಬುದು ನ್ಯಾಯಾಲಯದ ನಿಲುವು.

ಇನ್ನು ಸಾಕ್ಷ್ಯ. ಹುಟ್ಟಿದ ಹೊಸದರಲ್ಲೇ ನೋಂದಾಯಿಸಿದ ಜನನ ಪತ್ರವಿದ್ದರೆ ಅರ್ಧ ಗೆದ್ದಂತೆ. ಆಸ್ಪತ್ರೆಯ ಚೀಟಿ, ಲಸಿಕೆ ಕಾರ್ಡು ಜೊತೆಗಿರಲಿ. ಜಾತಕವೊಂದನ್ನೇ ನಂಬಿ ಹೋಗಬೇಡಿ. ಯಾರು, ಯಾವ ಆಧಾರದ ಮೇಲೆ ಬರೆಸಿದರು ಎಂಬುದು ತಿಳಿಯದಿದ್ದರೆ ಶಾಲಾ ರಿಜಿಸ್ಟರಿನ ತಾರೀಖಿಗೆ ಹೆಚ್ಚು ಬೆಲೆಯಿಲ್ಲ ಎಂದು ಸುಪ್ರೀಂ ಕೋರ್ಟು 1988ರಲ್ಲೇ ಹೇಳಿದೆ. ಇದು ನಿಮ್ಮ ನೆರವಿಗೆ ಬರಬಹುದು. ಆದರೆ ‘ನಿಜ ವಯಸ್ಸು ಹೇಳಿದ್ದರೆ ಆ ವರ್ಷ ಶಾಲೆಗೆ ಸೇರಿಸಿಕೊಳ್ಳುತ್ತಿದ್ದರೇ?’ ಎಂದು ಎದುರಿನ ವಕೀಲರು ಕೇಳಿದರೆ ಉತ್ತರ ಸಿದ್ಧವಿರಬೇಕು.

2023ರ ಅಕ್ಟೋಬರ್ 1ರಿಂದ ಈಚೆಗೆ ಹುಟ್ಟಿದ ಮಕ್ಕಳಿಗೆ ಶಾಲೆ ಸೇರುವಾಗ ಜನನ ಪತ್ರವೇ ಆಧಾರವೆಂದು ಕಾನೂನಾಗಿದೆ. ಅವರಿಗೆ ಈ ಪಾಡು ಬರಲಾರದು.

ಆ ತಾಯಿಯ ಮಗಳಿಗೆ ಅಂಕಪಟ್ಟಿಯ ಲೆಕ್ಕದಲ್ಲಿ 21 ತುಂಬಲು ಏಳು ತಿಂಗಳಿದೆ. ನೋಟಿಸು ಹೋಗಿದೆ. ತಾತ ಸಾಕ್ಷಿ ಹೇಳಲು ಒಪ್ಪಿದ್ದಾರೆ. ‘ಸುಳ್ಳು ಹೇಳಿದ್ದು ನಾನೇ’ ಎಂದು ಮೊಮ್ಮಗಳ ಎದುರಿಗೇ ಹೇಳಬೇಕಲ್ಲ ಎಂಬುದೊಂದೇ ಅವರ ಸಂಕಟ.