ಪದ ಬದಲಿಸಿದರೆ ಬರಹ ನಮ್ಮದಾಗುವುದೇ?

ಪ್ರಾಜೆಕ್ಟ್ ರಿಪೋರ್ಟ್ ಸಲ್ಲಿಸುವ ದಿನ ಹತ್ತಿರವಾದಂತೆ ಎಂಜಿನಿಯರಿಂಗ್ ವಿದ್ಯಾರ್ಥಿಗಳಾದ ನಮ್ಮ ನಡುವೆ ಕೇಳಿಬರುವ ಪ್ರಶ್ನೆ ಒಂದೇ: ‘ನಿಂದು ಎಷ್ಟು ಪರ್ಸೆಂಟ್ ಬಂತು?’ ಇದು ಕೃತಿಚೌರ್ಯ ಪತ್ತೆ ಮಾಡುವ ಸಾಫ್ಟ್‌ವೇರ್ ತೋರಿಸುವ ಹೋಲಿಕೆಯ ಲೆಕ್ಕ. ಯುಜಿಸಿಯ 2018ರ ನಿಯಮಾವಳಿಯಂತೆ ಶೇ 10ರವರೆಗಿನ ಹೋಲಿಕೆಗೆ ದಂಡನೆ ಇಲ್ಲ. ಇಂಥ ಗಡಿಯೊಳಗೆ ನುಸುಳಲು ಹಲವರು ಹಿಡಿಯುವ ಅಡ್ಡದಾರಿ, ಬೇರೆಯವರ ವಾಕ್ಯವನ್ನು ಹಾಗೇ ಇಟ್ಟುಕೊಂಡು ಪದಗಳನ್ನಷ್ಟೇ ಬದಲಿಸುವುದು. ಅದನ್ನು ಕ್ಷಣದಲ್ಲಿ ಮಾಡಿಕೊಡುವ ಟೂಲ್‌ಗಳೂ ಇವೆ.

ಆದರೆ ಸಮಾನಾರ್ಥಕ ಪದಗಳು ಎಲ್ಲ ಕಡೆಯೂ ಸಮಾನವೇ? ತಲೆಗೆ ಶಿರ, ತಿನ್ನುವುದಕ್ಕೆ ಭಕ್ಷಿಸುವುದು ಎಂಬ ಪದಗಳಿವೆ. ಹಾಗೆಂದು ‘ನನ್ನ ತಲೆ ತಿನ್ನಬೇಡ’ ಎನ್ನುವಲ್ಲಿ ‘ನನ್ನ ಶಿರ ಭಕ್ಷಿಸಬೇಡ’ ಎಂದರೆ ಕೇಳಿದವರು ನಕ್ಕಾರು. ‘ಗೆಳೆಯ ಕೈಕೊಟ್ಟ’ ಎಂಬುದು ‘ಗೆಳೆಯ ಹಸ್ತ ನೀಡಿದ’ ಎಂದಾದರೆ ಮೋಸವೇ ಸಹಾಯವಾಗಿಬಿಡುತ್ತದೆ!

ಎಂಜಿನಿಯರಿಂಗ್‌ನಲ್ಲಿ ಇದು ನಗುವಿನಲ್ಲಿ ಮುಗಿಯುವುದಿಲ್ಲ. ನಿಘಂಟಿನಲ್ಲಿ ಸ್ಟ್ರೆಂತ್, ಹಾರ್ಡ್‌ನೆಸ್, ಟಫ್‌ನೆಸ್ ಅಕ್ಕಪಕ್ಕದ ಮನೆಯವು. ಲ್ಯಾಬಿನಲ್ಲಿ ಮೂರಕ್ಕೂ ಬೇರೆ ಬೇರೆ ಪರೀಕ್ಷೆ. ಗಾಜಿನ ಮೇಲೆ ಸುಲಭವಾಗಿ ಗೀರು ಬೀಳದು, ಒಂದು ಏಟು ಬಿದ್ದರೆ ಮಾತ್ರ ಚೂರಾಗುತ್ತದೆ. ಅದಕ್ಕೆ ಹಾರ್ಡ್‌ನೆಸ್ ಇದೆ, ಟಫ್‌ನೆಸ್ ಕಡಿಮೆ. ಒಂದರ ಜಾಗದಲ್ಲಿ ಇನ್ನೊಂದನ್ನು ಬರೆದರೆ ವಿಷಯವೇ ತಪ್ಪಾಗುತ್ತದೆ.

2021ರಲ್ಲಿ ಫ್ರಾನ್ಸ್‌ನ ಕಂಪ್ಯೂಟರ್ ವಿಜ್ಞಾನಿ ಗಿಯೋಮ್ ಕಬನಾಕ್ ಮತ್ತು ಸಂಗಡಿಗರು ಪ್ರಕಟವಾದ ಸಂಶೋಧನಾ ಲೇಖನಗಳಿಂದಲೇ ಇಂಥ ವಿಚಿತ್ರ ಪದಗಳನ್ನು ಹೆಕ್ಕಿ ತೋರಿಸಿದರು. ‘ಆರ್ಟಿಫಿಷಿಯಲ್ ಇಂಟೆಲಿಜೆನ್ಸ್’ ಎಂಬುದು ‘ಕೌಂಟರ್‌ಫೀಟ್ ಕಾನ್ಷಿಯಸ್‌ನೆಸ್’, ಅಂದರೆ ಖೋಟಾ ಪ್ರಜ್ಞೆ ಆಗಿತ್ತು. ‘ಸಿಗ್ನಲ್ ಟು ನಾಯ್ಸ್’ ಎಂಬುದು ‘ಫ್ಲ್ಯಾಗ್ ಟು ಕಮೋಷನ್’ ಆಗಿತ್ತು. ಬಿಡಿ ಪದಗಳಿಗೆ ನಿಘಂಟಿನ ಆಧಾರವಿತ್ತು, ಜೋಡಿ ಪದಕ್ಕೆ ಅರ್ಥವೇ ಉಳಿದಿರಲಿಲ್ಲ. ಬರೆದವರಾಗಲಿ, ಪರಿಶೀಲಿಸಬೇಕಾದವರಾಗಲಿ ಗಮನವಿಟ್ಟು ಓದಿದ್ದರೆ ಇವು ಅಚ್ಚಾಗುತ್ತಿದ್ದವೇ?

ಕಾಲೇಜುಗಳೂ ಯೋಚಿಸಬೇಕು. ಸಾಫ್ಟ್‌ವೇರ್ ಎಣಿಸುವುದು ಹೊಂದಿಕೆಯಾಗುವ ಪದಗಳನ್ನು. ವಿದ್ಯಾರ್ಥಿಗೆ ಎಷ್ಟು ಅರ್ಥವಾಗಿದೆ ಎಂಬುದು ಅದಕ್ಕೆ ಗೊತ್ತಾಗದು. ಸರಿಯಾದ ಪಾರಿಭಾಷಿಕ ಪದ ಬಳಸಿದವನೂ ಪರ್ಸೆಂಟ್ ಏರೀತೆಂದು ಹೆದರುವಂತಾಗಬಾರದು. ರಿಪೋರ್ಟಿನ ಒಂದು ಪುಟ ತೆರೆದು ‘ಇದನ್ನು ವಿವರಿಸು’ ಎಂದರೆ ಐದೇ ನಿಮಿಷದಲ್ಲಿ ನಿಜ ತಿಳಿಯುತ್ತದೆ.

ನಮ್ಮ ಪಾಲಿನ ಕೆಲಸವೂ ಇದೆ. ಮೂಲ ಬರಹವನ್ನು ಎರಡು ಬಾರಿ ಓದಿ, ಮುಚ್ಚಿಟ್ಟು, ತಿಳಿದದ್ದನ್ನು ನಮ್ಮದೇ ವಾಕ್ಯಗಳಲ್ಲಿ ಬರೆಯೋಣ. ಪಾರಿಭಾಷಿಕ ಪದಗಳನ್ನು ಮುಟ್ಟದಿರೋಣ. ಬೇರೆಯವರ ಮಾತೇ ಬೇಕಾದರೆ ಉದ್ಧರಣ ಚಿಹ್ನೆಯೊಳಗೆ ಇಡೋಣ; ಹೇಗೆ ಬರೆದರೂ ಮೂಲವನ್ನು ಹೆಸರಿಸೋಣ. ಇದಕ್ಕೆ ಸಮಯ ಹಿಡಿಯುತ್ತದೆ, ನಿಜ. ಆದರೆ ಕೆಲಸದ ಸಂದರ್ಶನದಲ್ಲಿ ‘ನಿಮ್ಮ ಪ್ರಾಜೆಕ್ಟ್ ಬಗ್ಗೆ ಹೇಳಿ’ ಎಂದಾಗ ನೆರವಿಗೆ ಬರುವುದು ಹೀಗೆ ಬರೆಯುತ್ತಾ ಕಲಿತದ್ದೇ.