ಕೆರೆಯ ಹಸಿರು ಎಲ್ಲಿಂದ ಬಂತು?

ಕ್ಯಾಲೆಂಡರಿನಲ್ಲಿ ಕೆನಡಾದ ಲೇಕ್ ಲೂಯಿಸ್ ಸರೋವರದ ಚಿತ್ರವನ್ನು ನೀವು ನೋಡಿರಬಹುದು. ನೀಲಿಯೂ ಹಸಿರೂ ಬೆರೆತು ಹೊಳೆಯುವ ನೀರು. “ಅಮ್ಮೀ, ನಮ್ಮ ಹೆಬ್ಬಾಳ ಕೆರೆಯೂ ಹಸಿರೇ ಅಲ್ವಾ?” ಎಂದು ಮಗು ಕೇಳಿದರೆ ಏನು ಹೇಳುತ್ತೀರಿ?

ಎರಡೂ ಹಸಿರೇ. ಆದರೆ ಅಲ್ಲಿಯದು ಕಲ್ಲಿನಿಂದ ಬಂದದ್ದು, ಇಲ್ಲಿಯದು ನಮ್ಮ ಮನೆಗಳಿಂದ ಹೋದದ್ದು.

ಅಲ್ಲಿನ ಬೆಟ್ಟಗಳ ಮೇಲೆ ಹಿಮನದಿಗಳಿವೆ. ಭಾರವಾದ ಮಂಜುಗಡ್ಡೆ ಜಾರುತ್ತಾ ಕೆಳಗಿನ ಬಂಡೆಯನ್ನು ಬೀಸುವ ಕಲ್ಲಿನಂತೆ ಅರೆಯುತ್ತದೆ. ಹಿಟ್ಟಿನಷ್ಟು ನುಣುಪಾದ ಆ ಪುಡಿ ಬೇಸಿಗೆಯಲ್ಲಿ ಕರಗಿದ ನೀರಿನೊಡನೆ ಸರೋವರ ಸೇರಿ, ಬೇಗ ತಳಕ್ಕಿಳಿಯದೆ ತೇಲುತ್ತದೆ. ಬಿಸಿಲಿನ ಕೆಂಪನ್ನು ನೀರು ಹೀರಿಕೊಂಡರೆ, ಉಳಿದ ನೀಲಿ-ಹಸಿರು ಬೆಳಕನ್ನು ಈ ಪುಡಿ ಚದುರಿಸಿ ನಮ್ಮ ಕಣ್ಣಿಗೆ ತಲುಪಿಸುತ್ತದೆ.

ನಮ್ಮಲ್ಲಿ ಹಿಮನದಿ ಇಲ್ಲ. ಹೆಬ್ಬಾಳ, ಯಲಹಂಕ, ಜಕ್ಕೂರು ಕೆರೆಗಳು ತಾವಾಗಿ ಆದವುಗಳೂ ಅಲ್ಲ. ಮಳೆನೀರು ಹರಿಯುವ ತಗ್ಗುಗಳಿಗೆ ಹಿರಿಯರು ಏರಿ ಹಾಕಿ ಕಟ್ಟಿದವು. ಅವುಗಳ ಕೆಳಗಿರುವುದು ಸುಮಾರು 300 ಕೋಟಿ ವರ್ಷ ಹಳೆಯ ನೈಸ್ ಶಿಲೆ. ಲಾಲ್‌ಬಾಗಿನ ಬಂಡೆಯೂ ಇದೇ ಜಾತಿಯದು. 1916ರಲ್ಲಿ ಮೈಸೂರು ಭೂವಿಜ್ಞಾನ ಇಲಾಖೆಯ ಸ್ಮೀತ್ ಇದಕ್ಕೆ ‘ಪೆನಿನ್ಸುಲರ್ ನೈಸ್’ ಎಂದು ಹೆಸರಿಟ್ಟರು. ಈ ಕಲ್ಲನ್ನು ಕರಗಿಸುವುದು ಬಿಸಿಲು ಮತ್ತು ಮಳೆ. ದೀರ್ಘ ಕಾಲ ನೆನೆದು ಕಲ್ಲು ಜೇಡಿಯಾಗುತ್ತದೆ. ಅದರೊಳಗಿನ ಕಬ್ಬಿಣ ಹಳೆಯ ಬಾಣಲೆಯಂತೆ ತುಕ್ಕು ಹಿಡಿಯುತ್ತದೆ. ಅದೇ ನಮ್ಮ ಕೆಂಪು ಮಣ್ಣು. ಜೋರು ಮಳೆಯ ಮರುದಿನ ಕೆರೆಯ ನೀರು ಹಾಲು ಹಾಕಿದ ಚಹಾದಂತೆ ಕಾಣುವುದು ಇದರಿಂದಲೇ. ಇಲ್ಲಿ ಕಲ್ಲು ಕೊಡುವ ಬಣ್ಣ ಇದು.

ಹಾಗಾದರೆ ಆ ದಟ್ಟ ಹಸಿರು? ಅದು ಪಾಚಿ. ಪಾಯಖಾನೆ, ಬಚ್ಚಲು ಮತ್ತು ಬಟ್ಟೆ ಒಗೆದ ನೀರಿನಲ್ಲಿರುವ ರಂಜಕ, ಸಾರಜನಕಗಳು ಅದಕ್ಕೆ ಗೊಬ್ಬರ. ಹಗಲಿನಲ್ಲಿ ಪಾಚಿ ನೀರಿಗೆ ಆಮ್ಲಜನಕ ಕೊಡುತ್ತದೆ. ರಾತ್ರಿ ಅದೂ ಉಸಿರಾಡಿ ಆಮ್ಲಜನಕ ಬಳಸುತ್ತದೆ. ಸತ್ತು ಕೊಳೆಯುವಾಗ ಇನ್ನಷ್ಟು ಖರ್ಚಾಗುತ್ತದೆ. ಬೆಳಗಾಗುವುದರೊಳಗೆ ಮೀನುಗಳು ಉಸಿರುಗಟ್ಟಿ ಸಾಯಬಹುದು.

ಜಕ್ಕೂರಿನಲ್ಲಿ ಸಂಸ್ಕರಿಸಿದ ಕೊಳಚೆ ನೀರನ್ನು ಜೊಂಡು ಬೆಳೆದ ಜೌಗಿನ ಮೂಲಕ ಹಾಯಿಸಿ ಕೆರೆಗೆ ಬಿಡುವ ವ್ಯವಸ್ಥೆ ಮಾಡಲಾಯಿತು. ಜೊಂಡು ಈ ಗೊಬ್ಬರದ ಒಂದು ಪಾಲನ್ನು ಹೀರಿಕೊಳ್ಳುತ್ತದೆ. ಮನೆಯಲ್ಲಿ ನಾವು ಮಾಡಬಹುದಾದದ್ದೂ ಇದೆ. ಸೋಪಿನ ಪುಡಿಯನ್ನು ಅಳತೆ ಮಾಡಿ ಹಾಕೋಣ. ಬಚ್ಚಲಿನ ಪೈಪು ಮಳೆನೀರಿನ ಚರಂಡಿಗೆ ಸೇರಿಲ್ಲವೇ ಎಂದು ಒಮ್ಮೆ ನೋಡೋಣ.

ಇನ್ನೊಮ್ಮೆ ಹೆಬ್ಬಾಳದ ಮೇಲ್ಸೇತುವೆಯಲ್ಲಿ ಬಸ್ಸು ನಿಂತಾಗ ಮಗುವಿಗೆ ಕೆರೆ ತೋರಿಸಿ. ನೀರು ಕೆಂಪಾಗಿದ್ದರೆ ಕಲ್ಲಿನ ಕಥೆ ಹೇಳಿ. ಹಸಿರಾಗಿದ್ದರೆ ನಮ್ಮ ಬಚ್ಚಲಿನ ಕಥೆಯನ್ನೂ ಮುಚ್ಚಿಡದೆ ಹೇಳಿ.